ತೀನ್ ಕಂದೀಲ್ ಹತ್ತಿರದ ಬಾಡಿಗೆ ಲೈಟು, ಅಪ್ಪ ಹೇಳುತ್ತಿದ್ದ ಜರ್ಮನ್ ಕ್ಯಾಮೆರಾಮನ್

ರಾಯಚೂರಿನಲ್ಲಿ ಫೋಟೋ, ವಿಡಿಯೋ ಕೆಲಸ ಮಾಡುವವರಿಗೆ ಉಪಯೋಗ ಆಗಲಿ ಅಂತ ಇದನ್ನು ಬರೆಯುತ್ತಿದ್ದೇನೆ. ತೀನ್ ಕಂದೀಲ್ ಸರ್ಕಲ್‌ನಿಂದ ಒಳಗೆ ಒಂದು ಓಣಿ ಹೋಗುತ್ತದೆ. ಗಾದಿ ಹೊಲಿಯುವ ಅಂಗಡಿ ದಾಟಿದ ಮೇಲೆ ಎಡಕ್ಕೆ ಹಸಿರು ಶಟರ್. ಬೋರ್ಡ್ ಇಲ್ಲ. ಒಳಗೆ ಹಳೆಯ ಆಂಪ್ಲಿಫೈಯರ್, ಹಾರ್ನ್ ಸ್ಪೀಕರ್, ಸೀರಿಯಲ್ ಸೆಟ್ಟು ತುಂಬಿವೆ. ಮದುವೆ, ಜಾತ್ರೆ, ಉರುಸಿಗೆ ಬಾಡಿಗೆ ಕೊಡುವ ಅಂಗಡಿ. ಆ ಸಾಮಾನಿನ ಹಿಂದೆ ಗೋಡೆಗೆ ಒರಗಿಸಿ ನಾಲ್ಕು ಬೇಬಿ ಲೈಟ್ ಇಟ್ಟಿದ್ದಾರೆ. ಹಿಂದೆ ಸಿನಿಮಾದವರು ಬಳಸುತ್ತಿದ್ದದ್ದು. ಒಂದು ಕಿಲೋವ್ಯಾಟ್ ಬಲ್ಬು, ಮುಂದೆ ಬಳೆ ಜೋಡಿಸಿದ ಹಾಗೆ ಸುತ್ತು ಸುತ್ತು ಗೆರೆ ಇರುವ ದಪ್ಪ ಗಾಜು, ಬದಿಗೆ ನಾಲ್ಕು ಕಬ್ಬಿಣದ ರೆಕ್ಕೆ.

ನಾನು ಕಳೆದ ತಿಂಗಳು ಇವುಗಳಲ್ಲಿ ಎರಡನ್ನು ಎರಡು ದಿನಕ್ಕೆ ತಂದಿದ್ದೆ. ಒಂದು ದಿನ ಮನೆಯಲ್ಲಿ ಅಪ್ಪ ಅವ್ವನ ಫೋಟೋಕ್ಕೆ. ಇನ್ನೊಂದು ದಿನ ಲಿಂಗಸೂಗೂರು ರಸ್ತೆಯ ಒಂದು ಮಂಟಪದಲ್ಲಿ ಮದುಮಗಳ ಫೋಟೋಕ್ಕೆ. ಲೈಟು ಹೇಗಿತ್ತು, ದುಡ್ಡು ಎಷ್ಟಾಯಿತು, ಎಲ್ಲಿ ತೊಂದರೆ ಆಯಿತು, ಎಲ್ಲ ಹೇಳುತ್ತೇನೆ. ಆದರೆ ಈ ಲೈಟನ್ನು ಯಾಕೆ ಹುಡುಕಿಕೊಂಡು ಹೋದೆ ಅನ್ನುವುದನ್ನು ಮೊದಲು ಹೇಳಬೇಕು. ಅದಕ್ಕೆ ಕಾರಣ ಒಬ್ಬ ಜರ್ಮನ್ ಕ್ಯಾಮೆರಾಮನ್.

ನಮ್ಮಪ್ಪ ಟಾಕೀಸಿನಲ್ಲಿ ಪ್ರೊಜೆಕ್ಟರ್ ಆಪರೇಟರ್ ಆಗಿದ್ದರು. ಇಪ್ಪತ್ತನೇ ವಯಸ್ಸಿಗೆ ಅಸಿಸ್ಟೆಂಟ್ ಅಂತ ಸೇರಿದವರು. ಆಗ ಕಾರ್ಬನ್ ಕಡ್ಡಿ ಉರಿಸಿ ಬೆಳಕು ಮಾಡುತ್ತಿದ್ದರು. ಎರಡು ಮಷೀನು. ಒಂದು ರೀಲು ಮುಗಿಯುವ ಹೊತ್ತಿಗೆ ಇನ್ನೊಂದಕ್ಕೆ ಬದಲಾಯಿಸಬೇಕು. ಸ್ಕೋಪ್ ಪಿಕ್ಚರ್, ಅಂದರೆ ಅಗಲ ಪರದೆಯದು, ಬಂದರೆ ಲೆನ್ಸ್ ಬೇರೆ ಹಾಕಬೇಕು. ರಾಯಚೂರು ಮೊದಲು ನಿಜಾಮರ ರಾಜ್ಯದಲ್ಲಿತ್ತು ಅಲ್ವಾ? ಉರ್ದು ಬಲ್ಲವರು ಇಲ್ಲಿ ಜಾಸ್ತಿ. ಹಾಗಾಗಿ ಹಿಂದಿ ಪಿಕ್ಚರ್‌ಗೆ ಒಳ್ಳೆ ಜನ ಸೇರುತ್ತಿದ್ದರು. 1972ರ 'ಪಾಕೀಜಾ' ಬಂದಾಗ ಅಪ್ಪ ಬೂತಿನ ಸಣ್ಣ ಕಿಟಕಿಯಿಂದ ಅದನ್ನು ವಾರಗಟ್ಟಲೆ ನೋಡಿದರು. ದಿನಕ್ಕೆ ಮೂರು ಆಟ. ಕತೆ ಬಾಯಿಪಾಠ ಆದ ಮೇಲೆ ಮನುಷ್ಯ ಬೇರೆ ಏನನ್ನೋ ನೋಡಲು ಶುರು ಮಾಡುತ್ತಾನೆ. ಅಪ್ಪ ಬೆಳಕು ನೋಡಿದರು.

"ಮೀನಾಕುಮಾರಿ ಮಾರಿ ಮ್ಯಾಲೆ ಬೆಳಕು ಎಲ್ಲಿಂದ ಬರ್ತದ ಅಂತ ನೋಡ್ಕೋತ ಕುಂದರ್ತಿದ್ದೆ" ಅಂತ ಈಗಲೂ ಹೇಳುತ್ತಾರೆ. ಟೈಟಲ್‌ನಲ್ಲಿ ಛಾಯಾಗ್ರಹಣ ಅಂತ ಒಂದು ಪರದೇಶಿ ಹೆಸರು ಬರುತ್ತಿತ್ತು. ಹೈದರಾಬಾದಿನಿಂದ ರೀಲ್ ಪೆಟ್ಟಿಗೆ ತರುತ್ತಿದ್ದವನನ್ನು ಕೇಳಿದರಂತೆ. ಅವನು, ಅವರು ಜರ್ಮನಿಯವರು, ತೀರಿಕೊಂಡು ಐದು ವರ್ಷ ಆಯಿತು ಅಂದನಂತೆ. ಸತ್ತ ಮನುಷ್ಯನ ಬೆಳಕನ್ನು ನಾನು ದಿನಾ ಪರದೆ ಮೇಲೆ ಹಾಕುತ್ತಿದ್ದೇನೆ ಅನ್ನುವ ವಿಚಾರ ಅಪ್ಪನ ತಲೆಯಿಂದ ಹೋಗಲೇ ಇಲ್ಲ. ನಾನು ಕ್ಯಾಮೆರಾ ಹಿಡಿದ ದಿನ ಅವರು ನನಗೆ ಹೇಳಿದ ಮೊದಲ ಹೆಸರೂ ಅದೇ. ಜೋಸೆಫ್ ವಿರ್ಶಿಂಗ್.

ಆಮೇಲೆ ನಾನೇ ಹುಡುಕಿ ಓದಿದೆ. ಸಿಕ್ಕಷ್ಟು ಪಿಕ್ಚರ್ ನೋಡಿದೆ. ವಿರ್ಶಿಂಗ್ ಹುಟ್ಟಿದ್ದು 1903ರಲ್ಲಿ, ಮ್ಯೂನಿಕ್‌ನಲ್ಲಿ. ಅಲ್ಲಿನ ಎಮೆಲ್ಕಾ ಸ್ಟುಡಿಯೋದಲ್ಲಿ ಕೆಲಸ. ಇಂಡಿಯಾಕ್ಕೆ ಮೊದಲ ಸಲ ಬಂದಾಗ ವಯಸ್ಸು ಇಪ್ಪತ್ತೆರಡರ ಆಸುಪಾಸು. 1925ರ 'ಪ್ರೇಮ್ ಸನ್ಯಾಸ್' ಅನ್ನುವ ಮೂಕಿ ಚಿತ್ರಕ್ಕೆ ಬಂದಿದ್ದರು. ಬುದ್ಧನ ಕತೆ. ಡೈರೆಕ್ಟರ್ ಫ್ರಾಂಜ್ ಓಸ್ಟೆನ್, ಬುದ್ಧನ ಪಾತ್ರ ಹಿಮಾಂಶು ರಾಯ್. ಇದರಲ್ಲಿ ಒಂದು ಮಾತು ನನಗೆ ಬಹಳ ಮುಖ್ಯ. ಸ್ಟುಡಿಯೋ ಸೆಟ್ ಇಲ್ಲ, ಕೃತಕ ಬೆಳಕು ಇಲ್ಲ, ಮೇಕಪ್ ಇಲ್ಲ, ಪೂರ್ತಿ ಇಂಡಿಯಾದಲ್ಲೇ ತೆಗೆದದ್ದು ಅಂತ ಚಿತ್ರದ ಶುರುವಿನಲ್ಲೇ ಬರೆದು ತೋರಿಸುತ್ತಾರೆ. ಅಂದರೆ ಆ ಹುಡುಗನಿಗೆ ಸಿಕ್ಕಿದ್ದು ನಮ್ಮ ಸೂರ್ಯ ಒಬ್ಬನೇ. ಮೋಡದ ನಾಡಿನಿಂದ ಬಂದವನಿಗೆ ನಮ್ಮ ಬಿಸಿಲು ಹೇಗಿರುತ್ತದೆ ಯೋಚನೆ ಮಾಡಿ. ನೆತ್ತಿ ಮೇಲೆ ಸೂರ್ಯ ಬಂದರೆ ಕಣ್ಣಿನ ಗುಳಿ ಕಪ್ಪಾಗುತ್ತದೆ, ಮೂಗಿನ ಕೆಳಗೆ ನೆರಳು ಮೀಸೆಯ ಹಾಗೆ ಇಳಿಯುತ್ತದೆ. ರಾಯಚೂರಿನಲ್ಲಿ ಮಧ್ಯಾಹ್ನ ಹನ್ನೆರಡಕ್ಕೆ ಮದುವೆ ದಿಬ್ಬಣ ಶೂಟ್ ಮಾಡಿದವರಿಗೆ ಇದನ್ನು ಬಿಡಿಸಿ ಹೇಳುವ ಅಗತ್ಯ ಇಲ್ಲ.

ಅದು ಮುಗಿಸಿ ಮ್ಯೂನಿಕ್‌ಗೆ ವಾಪಸ್ ಹೋದರು. ಹತ್ತಿರ ಹತ್ತಿರ ಹತ್ತು ವರ್ಷದ ಮೇಲೆ ಮತ್ತೆ ಬಂದರು. 1934ರಲ್ಲಿ ಹಿಮಾಂಶು ರಾಯ್, ದೇವಿಕಾ ರಾಣಿ ಸೇರಿ ಮುಂಬೈನ ಮಲಾಡ್‌ನಲ್ಲಿ ಬಾಂಬೆ ಟಾಕೀಸ್ ಕಟ್ಟಿದರು. ಅಲ್ಲಿ ಓಸ್ಟೆನ್ ಡೈರೆಕ್ಟರ್, ವಿರ್ಶಿಂಗ್ ಕ್ಯಾಮೆರಾ, ಕಾರ್ಲ್ ಫಾನ್ ಸ್ಪ್ರೆಟಿ ಸೆಟ್ಟು, ವಿಲ್ಹೆಲ್ಮ್ ಜೋಲೆ ಲ್ಯಾಬು. ಎಲ್ಲ ಜರ್ಮನ್‌ರು. ಅದೇ ಲ್ಯಾಬಿನಲ್ಲಿ ಕೆಲಸ ಮಾಡುತ್ತಿದ್ದ ಒಬ್ಬ ಹುಡುಗ ಮುಂದೆ ಹೀರೋ ಆದ. ಅವರೇ ಅಶೋಕ್ ಕುಮಾರ್. 1936ರ 'ಅಛೂತ್ ಕನ್ಯಾ'ದಲ್ಲಿ ಅವರು, ದೇವಿಕಾ ರಾಣಿ ಇಬ್ಬರ ಮುಖದ ಮೇಲಿನ ಬೆಳಕು ನೋಡಿ. ಹಿಂದಿನಿಂದ ಕೂದಲಿಗೆ ಒಂದು ತೆಳು ಅಂಚು. ಎದುರಿನಿಂದ, ಸ್ವಲ್ಪ ಮೇಲೆ, ಸ್ವಲ್ಪ ಓರೆಗೆ ಒಂದು ಬೆಳಕು. ಹಳ್ಳಿಯ ಹುಡುಗಿಯ ಮುಖ ಗೋಡೆಯಿಂದ ಬಿಟ್ಟು ಮುಂದೆ ಬಂದ ಹಾಗೆ ಕಾಣುತ್ತದೆ. ಸೂರ್ಯನ ಕೈಯಲ್ಲಿ ಹತ್ತು ವರ್ಷದ ಹಿಂದೆ ಕಲಿತದ್ದನ್ನು ಅವರು ಇಲ್ಲಿ ಬಲ್ಬಿನ ಕೈಯಲ್ಲಿ ಮಾಡಿಸಿದ್ದಾರೆ ಅಂತ ನನಗೆ ಅನಿಸುತ್ತದೆ.

ಈಗ ಲೈಟಿಗೆ ಬರುತ್ತೇನೆ.

ಅಂಗಡಿಯ ಚಾಚಾ ಹೈದರಾಬಾದಿನ ಒಂದು ಸ್ಟುಡಿಯೋ ಸಾಮಾನು ಮಾರಿದಾಗ ಇವನ್ನು ತಂದಿದ್ದಂತೆ. ಬಾಡಿಗೆ ಒಂದು ಲೈಟಿಗೆ ದಿನಕ್ಕೆ 500 ರೂಪಾಯಿ, ಸ್ಟ್ಯಾಂಡ್ ಸೇರಿ. ಡಿಪಾಸಿಟ್ 4,000. ಬಲ್ಬ್ ಹೋದರೆ ನಮ್ಮದೇ ಖರ್ಚು. ಇದನ್ನು ಅವರು ಮೊದಲೇ ಹೇಳುತ್ತಾರೆ, ಚೀಟಿಯಲ್ಲೂ ಬರೆಯುತ್ತಾರೆ. ಕೊಡುವ ಮುಂಚೆ ಪ್ರತಿ ಲೈಟನ್ನೂ ಹತ್ತು ನಿಮಿಷ ಉರಿಸಿ ತೋರಿಸಿದರು. ಅಷ್ಟು ತಾಳ್ಮೆ ನನಗೆ ಬೇರೆ ಕಡೆ ಸಿಕ್ಕಿಲ್ಲ. ಹೋದ ವರ್ಷ ಬೇರೆ ಊರಿನ ಒಂದು ಅಂಗಡಿಯಿಂದ ಅಗ್ಗದ ಎಲ್‌ಇಡಿ ಪ್ಯಾನೆಲ್ ತಂದು ಅರಿಶಿನ ಶಾಸ್ತ್ರ ಶೂಟ್ ಮಾಡಿದ್ದೆ. ಮುಖವೆಲ್ಲ ಹಸಿರು ಹೊಡೆದಿತ್ತು. ವಿಡಿಯೋದಲ್ಲಿ ಕಪ್ಪು ಪಟ್ಟಿ ಮೇಲಿಂದ ಕೆಳಗೆ ಓಡುತ್ತಿತ್ತು. ಆ ಹುಡುಗಿಯ ತಾಯಿ ನನಗೆ ಏನೂ ಅನ್ನಲಿಲ್ಲ, ಸುಮ್ನೆ ನೋಡಿದರು. ಆ ನೋಟ ನನಗೆ ಇನ್ನೂ ನೆನಪಿದೆ. ಅದಕ್ಕೇ ಈ ಸಲ ಚಾಚಾ ಉರಿಸಿ ತೋರಿಸಿದಾಗ ಮನಸ್ಸು ಹಗುರಾಯಿತು.

"ಬೇಟಾ, ಇದು ಬಿಸಿ ಭಾಳ ಆಗ್ತದ. ಆರಿಸಿದ ಕೂಡ್ಲೇ ಎತ್ಬ್ಯಾಡ. ಕಾಲು ಗಂಟಿ ಬಿಡು" ಅಂದರು. ಈ ಮಾತನ್ನು ದಯವಿಟ್ಟು ಪಾಲಿಸಿ. ಬಿಸಿ ಇದ್ದಾಗ ಅಲ್ಲಾಡಿಸಿದರೆ ಒಳಗಿನ ತಂತಿ ಹರಿಯುತ್ತದೆ. ಬಲ್ಬನ್ನು ಬರಿಗೈಯಲ್ಲಿ ಮುಟ್ಟಬಾರದು. ಬೆರಳಿನ ಜಿಡ್ಡು ಕೂತ ಜಾಗ ಜಾಸ್ತಿ ಕಾದು ಗಾಜು ಒಡೆಯಬಹುದು.

ಮನೆಯಲ್ಲಿ ಬಳಸುವವರು ಇನ್ನೊಂದು ಲೆಕ್ಕ ನೋಡಿಕೊಳ್ಳಬೇಕು. ಒಂದು ಸಾವಿರ ವ್ಯಾಟ್ ಅಂದರೆ ಸುಮಾರು 4.3 ಆಂಪಿಯರ್. ಎರಡು ಲೈಟು ಒಂದೇ ಲೈನಿಗೆ ಹಾಕಿದರೆ ಒಂಬತ್ತರ ಹತ್ತಿರ. ನಮ್ಮ ಪಡಸಾಲೆಯ ಸ್ವಿಚ್‌ಬೋರ್ಡು 6 ಆಂಪಿಯರ್‌ದು. ಎರಡೂ ಹಾಕಿದ ತಕ್ಷಣ ಎಂಸಿಬಿ (ಲೋಡ್ ಜಾಸ್ತಿಯಾದರೆ ತಾನೇ ಬೀಳುವ ಸ್ವಿಚ್) ಬಿತ್ತು. ಆಮೇಲೆ ಒಂದನ್ನು ಅಡುಗೆಮನೆಯಲ್ಲಿ ಗ್ರೈಂಡರ್‌ಗೆ ಇರುವ ದೊಡ್ಡ ಪ್ಲಗ್ಗಿಗೆ, ಇನ್ನೊಂದನ್ನು ಪಡಸಾಲೆಗೆ ಹಾಕಿದೆ. ದಪ್ಪ ವೈರಿನ ಎಕ್ಸ್‌ಟೆನ್ಶನ್ ಚಾಚಾನೇ ಕೊಟ್ಟಿದ್ದರು. ಅದಕ್ಕೆ ಬೇರೆ ದುಡ್ಡು ತಗೊಳ್ಳಲಿಲ್ಲ.

ಬೆಳಕಿನ ಗುಣ ಹೇಗಿದೆ? ನನ್ನ ಮಟ್ಟಿಗೆ, ಈ ಊರಲ್ಲಿ ಬಾಡಿಗೆಗೆ ಸಿಗುವ ಯಾವ ಲೈಟಿನಲ್ಲೂ ನಾನು ಇಂಥ ಚರ್ಮದ ಬಣ್ಣ ನೋಡಿಲ್ಲ. ಮುಂದಿನ ಆ ಗೆರೆಗೆರೆ ಗಾಜಿಗೆ ಫ್ರೆನೆಲ್ ಲೆನ್ಸ್ ಅನ್ನುತ್ತಾರೆ. ಫ್ರಾನ್ಸಿನ ಫ್ರೆನೆಲ್ ಅನ್ನುವವರು ಸುಮಾರು ಇನ್ನೂರು ವರ್ಷದ ಹಿಂದೆ ಸಮುದ್ರದ ದೀಪಸ್ತಂಭಕ್ಕೆ ಅಂತ ಮಾಡಿದ್ದು. ದಪ್ಪ ಗಾಜಿನ ಮಧ್ಯದ ತೂಕ ತೆಗೆದು, ಬೆಳಕು ಬಗ್ಗಿಸುವ ಮೈಯನ್ನಷ್ಟೇ ಬಳೆ ಬಳೆಯಾಗಿ ಉಳಿಸಿದ್ದಾರೆ. ಹಿಂದೆ ಒಂದು ನಾಬ್ ಇದೆ. ಅದನ್ನು ತಿರುಗಿಸಿದರೆ ಬಲ್ಬು ಲೆನ್ಸಿನ ಹತ್ತಿರ ಬರುತ್ತದೆ, ಇಲ್ಲ ದೂರ ಹೋಗುತ್ತದೆ. ಹತ್ತಿರ ತಂದರೆ ಬೆಳಕು ಅಗಲ, ದೂರ ಒಯ್ದರೆ ಸಣ್ಣದು, ಗಟ್ಟಿ. ಅಂಚು ಮಾತ್ರ ಯಾವಾಗಲೂ ಮೆತ್ತಗೆ ಕರಗುತ್ತದೆ. ಕಬ್ಬಿಣದ ರೆಕ್ಕೆ ಮುಚ್ಚಿ ಗೋಡೆ ಮೇಲೆ ಬೀಳುವ ಬೆಳಕನ್ನು ಕತ್ತರಿಸಬಹುದು. ಪ್ಯಾನೆಲ್ ಲೈಟು ಇಡೀ ಕೋಣೆಗೆ ಸುಣ್ಣ ಹೊಡೆದ ಹಾಗೆ ಬೆಳಕು ಬಳಿಯುತ್ತದೆ. ಇದು ನೀವು ತೋರಿಸಿದ ಕಡೆ ಮಾತ್ರ ಹೋಗುತ್ತದೆ.

ಮೊದಲ ದಿನ ಅಪ್ಪನನ್ನು ಕುರ್ಚಿ ಮೇಲೆ ಕೂರಿಸಿದೆ. ಎಪ್ಪತ್ನಾಲ್ಕು ವಯಸ್ಸು. ಬಿಳಿ ಅಂಗಿ, ಧೋತರ. ಲೈಟನ್ನು ಅವರ ಎಡಕ್ಕೆ, ಆರು ಅಡಿ ದೂರ, ಕಣ್ಣಿಗಿಂತ ಒಂದೂವರೆ ಅಡಿ ಮೇಲೆ ಇಟ್ಟೆ. ಮುಂದೆ ಬಟರ್ ಪೇಪರ್ ಕ್ಲಿಪ್ ಹಾಕಿ ಕಟ್ಟಿದೆ. ಪೇಪರ್ ಲೆನ್ಸಿಗೆ ತಾಗಬಾರದು, ಸುಡುತ್ತದೆ. ರೆಕ್ಕೆಯ ತುದಿಗೆ ಕಟ್ಟಿ. ಕ್ಯಾಮೆರಾ ಸೆಟ್ಟಿಂಗ್ ಐಎಸ್ಒ 400, ಶಟರ್ 125, ಅಪರ್ಚರ್ 4, ವೈಟ್ ಬ್ಯಾಲೆನ್ಸ್ 3200. ಎರಡನೇ ಲೈಟನ್ನು ಹಿಂದೆ ಕೂದಲಿಗೆ ಇಟ್ಟೆ.

ಅಪ್ಪ ಕೂತಲ್ಲಿಂದಲೇ ಕೆಲಸ ಶುರು ಮಾಡಿದರು. "ಅದನ್ನ ಒಂದೀಟು ಹಿಂದಕ ಸರಸು. ಮೂಗಿನ ನೆಳ್ಳು ತುಟಿಗಿ ಹತ್ತಬಾರ್ದು." ಸರಿಸಿದೆ. "ಮತ್ತೀಟು." ಮತ್ತೆ ಸರಿಸಿದೆ. ಹತ್ತಡಿಗೆ ಹೋದ ಮೇಲೆ ಬೆಳಕು ಪೂರ್ತಿ ಕುಸಿಯಿತು. ಉದಾಹರಣೆಗೆ, ಐದು ಅಡಿಯಲ್ಲಿದ್ದ ಲೈಟನ್ನು ಹತ್ತಕ್ಕೆ ಒಯ್ದರೆ ಬೆಳಕು ಅರ್ಧ ಆಗುವುದಿಲ್ಲ, ಕಾಲು ಭಾಗ ಆಗುತ್ತದೆ. ಇದನ್ನು ಪುಸ್ತಕದಲ್ಲಿ ಓದಿದ್ದೆ. ಅಪ್ಪನ ಕೆನ್ನೆಯ ಸುಕ್ಕಿನ ಮೇಲೆ ಕಣ್ಣಾರೆ ನೋಡಿದ್ದು ಅವತ್ತೇ. ಏಳು ಅಡಿಗೆ ತಂದು ನಿಲ್ಲಿಸಿದೆವು. ಒಂದು ಲೈಟು ನಿಲ್ಲಿಸಲು ಐವತ್ತು ನಿಮಿಷ ಹಿಡಿಯಿತು.

ಅಷ್ಟು ಹೊತ್ತು ಅಪ್ಪ ಮಾತಾಡಿದ್ದು 'ಮಹಲ್' ಬಗ್ಗೆ. 1949ರ ಪಿಕ್ಚರ್, ಕ್ಯಾಮೆರಾ ವಿರ್ಶಿಂಗ್ ಅವರದೇ. ಕಮಾಲ್ ಅಮ್ರೋಹಿ ಡೈರೆಕ್ಟ್ ಮಾಡಿದ ಮೊದಲನೆಯದು. ಅಶೋಕ್ ಕುಮಾರ್, ಮಧುಬಾಲಾ. ಅಪ್ಪ ಅದನ್ನು ಹಳೆ ಪ್ರಿಂಟ್ ಮತ್ತೆ ಬಂದಾಗ ಓಡಿಸಿದ್ದರು. ಮಳೆ ರಾತ್ರಿ, ಹಾಳು ಬಿದ್ದ ಬಂಗಲೆ, ಕೈಯಲ್ಲಿ ಕಂದೀಲು ಹಿಡಿದ ಮಾಲಿ. ಹೊಸ ಯಜಮಾನ ಗೋಡೆಯ ಮೇಲೆ ತನ್ನದೇ ಮುಖದ ಒಂದು ಪಟ ನೋಡುತ್ತಾನೆ. ಉಯ್ಯಾಲೆ ಮೇಲೆ ಮಧುಬಾಲಾ. ಇಡೀ ಪಿಕ್ಚರ್‌ನಲ್ಲಿ ಕತ್ತಲೆಯೇ ಜಾಸ್ತಿ. "ಅದರ ಪ್ರಿಂಟಿಗಿ ಕಾರ್ಬನ್ ಸರಿಯಾಗಿ ಉರಿಲಿಲ್ಲಂದ್ರ ಜನ ಚೀರತಿದ್ರು. ಕರಿ ಅನ್ನೋದು ಕರೀನೇ ಕಾಣಬೇಕು, ಬೂದಿ ಕಾಣಬಾರ್ದು" ಅಂದರು ಅಪ್ಪ.

'ಮಹಲ್' ನೋಡುವಾಗ ನನಗೆ ಇನ್ನೊಂದು ವಿಷಯ ತಲೆಯಲ್ಲಿ ಓಡುತ್ತಿರುತ್ತದೆ. 1939ರಲ್ಲಿ ಯುದ್ಧ ಶುರುವಾದಾಗ ಬ್ರಿಟಿಷ್ ಸರ್ಕಾರ ಇಲ್ಲಿದ್ದ ಜರ್ಮನ್‌ರನ್ನು ಹಿಡಿದು ಶಿಬಿರಕ್ಕೆ ಹಾಕಿತು. ವಿರ್ಶಿಂಗ್ ಕೂಡ ಹೋದರು. ಆಗ ಅವರಿಗೆ 36. ಕ್ಯಾಮೆರಾಮನ್‌ಗೆ ಕೈ ಪಳಗಿ ಕೆಲಸ ಹಣ್ಣಾಗುವ ವಯಸ್ಸು. ಓಸ್ಟೆನ್ ಜರ್ಮನಿಗೆ ವಾಪಸ್ ಹೋದರು. ಅವರು ನಾಜಿ ಪಕ್ಷದ ಸದಸ್ಯರೂ ಆಗಿದ್ದರು, ಅದನ್ನು ಮುಚ್ಚಿಡುವುದು ಸರಿಯಲ್ಲ. ವಿರ್ಶಿಂಗ್ ಇಲ್ಲೇ ಬಂಧನದಲ್ಲಿ ಉಳಿದರು. ಅವರ ಜಾಗದಲ್ಲಿ ಬಾಂಬೆ ಟಾಕೀಸ್‌ನ ಕ್ಯಾಮೆರಾ ಹಿಡಿದವರು ಆರ್. ಡಿ. ಪರೀಂಜಾ. ಆ ಕಾಲದ ದೊಡ್ಡ ಹಿಟ್ 1943ರ 'ಕಿಸ್ಮತ್' ಪರೀಂಜಾ ತೆಗೆದದ್ದು. ಜರ್ಮನ್‌ರು ಹೋದ ಮೇಲೂ ಸ್ಟುಡಿಯೋ ನಿಲ್ಲಲಿಲ್ಲ ಅಂದರೆ, ಅಷ್ಟು ಹೊತ್ತಿಗೆ ನಮ್ಮ ಹುಡುಗರಿಗೆ ಕೆಲಸ ಬಂದಿತ್ತು.

ಯುದ್ಧ ಮುಗಿದು ಬಿಡುಗಡೆ ಆದ ಮೇಲೆ ವಿರ್ಶಿಂಗ್ ಊರಿಗೆ ಹೋಗಬಹುದಿತ್ತು. ಹೋಗಲಿಲ್ಲ. ತನ್ನನ್ನು ಕೂಡಿಹಾಕಿದ್ದ ದೇಶದಲ್ಲೇ ಉಳಿದು, ಅದೇ ಸ್ಟುಡಿಯೋಗೆ ಬಂದು, ಕತ್ತಲೆಯ 'ಮಹಲ್' ತೆಗೆದರು. ಮುಂದಿನ ವರ್ಷ 'ಸಂಗ್ರಾಮ್'. ಅದು ಹೀರೋ ಕೆಟ್ಟವನಾಗುವ ಕ್ರೈಮ್ ಕತೆ. 1960ರಲ್ಲಿ ಮೀನಾಕುಮಾರಿಯ 'ದಿಲ್ ಅಪ್ನಾ ಔರ್ ಪ್ರೀತ್ ಪರಾಯಿ'. ಅದರಲ್ಲಿ ಆಸ್ಪತ್ರೆ, ನರ್ಸಿನ ಬಿಳಿ ಬಟ್ಟೆ. ಬಿಳಿ ಬಟ್ಟೆಯನ್ನು ಉರಿಯದ ಹಾಗೆ, ಮುಖ ಮಂಕಾಗದ ಹಾಗೆ ತೆಗೆಯುವುದು ಎಷ್ಟು ಕಷ್ಟ ಅಂತ ನಮ್ಮವರಿಗೆ ಗೊತ್ತು. ರೇಷ್ಮೆ ಪಂಚೆ ಉಟ್ಟ ಮದುಮಗನನ್ನು ಫ್ಲ್ಯಾಶ್ ಹೊಡೆದು ತೆಗೆದು ನೋಡಿ.

ಅಪ್ಪನ ಫೋಟೋ ಮುಗಿಯಿತು. ಹಿಂದಿನ ಲೈಟನ್ನು ಆರಿಸಿದ ಫ್ರೇಮೇ ಚೆನ್ನಾಗಿ ಬಂತು. ತಲೆ ಕತ್ತಲೆಗೆ ಕರಗಿ, ಒಂದು ಕೆನ್ನೆ, ಒಂದು ಕಣ್ಣು, ಮೊಣಕಾಲ ಮೇಲಿನ ಕೈ. ಆ ಕೈ ಮೇಲೆ ಕಾರ್ಬನ್ ಕಿಡಿಯಿಂದ ಸುಟ್ಟ ಹಳೆ ಕಲೆ ಇದೆ. ಅದೂ ಬಂತು.

ಅವ್ವನ ಸರದಿ ಬಂದಾಗ ಕರೆಂಟ್ ಹೋಯಿತು.

ಈ ಲೈಟಿನ ದೊಡ್ಡ ಕೊರತೆ ಇದೇ. ಬ್ಯಾಟರಿ ಮೇಲೆ ನಡೆಯುವುದಿಲ್ಲ. ಮನೆಯ ಇನ್ವರ್ಟರ್ ಇಷ್ಟು ಲೋಡ್ ತಡೆಯುವುದಿಲ್ಲ, ಹಾಕಲೂ ಬೇಡಿ. ಜನರೇಟರ್ ಇಲ್ಲದ ಕಡೆ ಇದನ್ನು ನಂಬಿ ಕೆಲಸ ಒಪ್ಪಿಕೊಳ್ಳಬೇಡಿ. ನಲವತ್ತು ನಿಮಿಷ ಕೂತೆವು. ಅವ್ವ ಇಳಕಲ್ ಸೀರೆ ಉಟ್ಟು ತಯಾರಾಗಿದ್ದಳು. ಸೆಕೆಗೆ ಮುಖ ಬೆವರುತ್ತಿತ್ತು. ಲೈಟಿನ ಕಾವಿನಿಂದ ಪಡಸಾಲೆ ಮೊದಲೇ ಒಲೆಯ ಹಾಗಾಗಿತ್ತು. ಬೇಸಿಗೆಯಲ್ಲಿ ರಾಯಚೂರು ನಲವತ್ತು ಡಿಗ್ರಿ ದಾಟುತ್ತದೆ. ಅದರ ಮೇಲೆ ಎರಡು ಕಿಲೋವ್ಯಾಟ್ ಉರಿ ಹಾಕಿದರೆ ವಯಸ್ಸಾದವರಿಗೆ ತಡೆಯುವುದಿಲ್ಲ. ಹಾಗಾಗಿ ಮಾರ್ಚ್‌ನಿಂದ ಮೇ ತನಕ ಇದನ್ನು ಬೆಳಗ್ಗೆ ಒಂಬತ್ತರ ಒಳಗೆ, ಇಲ್ಲ ರಾತ್ರಿ ಬಳಸಿ. ಇದು ನನ್ನ ಕಳಕಳಿಯ ಸಲಹೆ.

ಆಗ ಅಪ್ಪ "ಬಾಗಿಲಾ ತಗಿ" ಅಂದರು. ಪಶ್ಚಿಮದ ಬಾಗಿಲು ತೆಗೆದರೆ ನಾಲ್ಕೂವರೆಯ ಬಿಸಿಲು ಹೊಸ್ತಿಲು ದಾಟಿ ಒಳಗೆ ಬಿತ್ತು. ಥರ್ಮಾಕೋಲ್ ಹಾಳೆಯನ್ನು ಅಪ್ಪನೇ ಎರಡೂ ಕೈಯಲ್ಲಿ ಹಿಡಿದು ನಿಂತರು. ಬಿಸಿಲು ಹಾಳೆಗೆ ಬಡಿದು ಅವ್ವನ ಮುಖಕ್ಕೆ ತಿರುಗಿತು. 'ಪ್ರೇಮ್ ಸನ್ಯಾಸ್' ತೆಗೆದವರ ಹತ್ತಿರ ಇದ್ದದ್ದೂ ಇದೇ ಬೆಳಕು ಅಲ್ವಾ ಅಂದೆ. ಅಪ್ಪ ನಮ್ಮ ಮೈಸೂರಿನ ಕ್ಯಾಮೆರಾಮನ್ ವಿ. ಕೆ. ಮೂರ್ತಿಯವರ ಹೆಸರು ತೆಗೆದರು. 'ಕಾಗಜ್ ಕೇ ಫೂಲ್'ನಲ್ಲಿ ಸ್ಟುಡಿಯೋ ಒಳಗೆ ಬೀಳುವ ಆ ದೊಡ್ಡ ಬೆಳಕಿನ ಕೋಲು ಯಾವ ಬಲ್ಬಿನದೂ ಅಲ್ಲ. ಹೊರಗಿನ ಬಿಸಿಲನ್ನು ಕನ್ನಡಿಯಿಂದ ಕನ್ನಡಿಗೆ ಹಾಯಿಸಿ ಒಳಗೆ ತಂದದ್ದು. 1959ರ ಆ ಪಿಕ್ಚರೂ ಸ್ಕೋಪ್. ಅದನ್ನು ಓಡಿಸಿದವರ ಬಾಯಲ್ಲಿ ಕೇಳಿದಾಗ ಕನ್ನಡಿ ಹಿಡಿದವರ ಕೈಯೇ ಕಂಡ ಹಾಗಾಯಿತು.

ಅವ್ವನ ಒಳ್ಳೆ ಫೋಟೋ ಆ ಬಿಸಿಲಿನಲ್ಲೇ ಬಂದದ್ದು. ಬಾಡಿಗೆ ಲೈಟಿನಲ್ಲಿ ಅಲ್ಲ. ವಿಮರ್ಶೆ ಬರೆಯುವಾಗ ಇದನ್ನು ಬಿಟ್ಟುಬಿಟ್ಟರೆ ಸುಳ್ಳಾಗುತ್ತದೆ. ಆದರೆ ಅವತ್ತು ಆ ಲೈಟಿನ ಹಿಂದೆ ಐವತ್ತು ನಿಮಿಷ ಓಡಾಡದೆ ಇದ್ದಿದ್ದರೆ, ಬಾಗಿಲನ್ನು ಎಷ್ಟು ತೆಗೆಯಬೇಕು, ಅವ್ವನನ್ನು ಹೊಸ್ತಿಲಿನಿಂದ ಎಷ್ಟು ಒಳಗೆ ಕೂರಿಸಬೇಕು ಅಂತ ನನಗೆ ಹೊಳೆಯುತ್ತಿರಲಿಲ್ಲ. ಮುಂಚೆ ನಾನು ಬೆಳಕು ಕಮ್ಮಿ ಬಿದ್ದರೆ ಇನ್ನೊಂದು ಪ್ಯಾನೆಲ್ ತಂದು ಇಡುತ್ತಿದ್ದೆ. ಅದೂ ಸಾಲದಿದ್ದರೆ ಮತ್ತೊಂದು. ಮುಖದ ಎಲ್ಲ ಮೂಲೆಗೂ ಬೆಳಕು ತಲುಪಿದರೆ ಕೆಲಸ ಆಯಿತು ಅಂದುಕೊಂಡಿದ್ದೆ. ಒಂದೇ ಬೆಳಕನ್ನು ಇಟ್ಟುಕೊಂಡು ಅದರ ಜಾಗ ಹುಡುಕುವುದು ಬೇರೆಯೇ ಕೆಲಸ. ವಿರ್ಶಿಂಗ್ ನಲವತ್ತು ವರ್ಷ ಮಾಡಿದ್ದು ಅದನ್ನೇ. ಸೂರ್ಯ, ಬಲ್ಬು, ಕಂದೀಲು, ಕಲರ್ ಅಂತ ಸಾಮಾನು ಬದಲಾಯಿತು. ಜಾಗ ಹುಡುಕುವ ಕಣ್ಣು ಬದಲಾಗಲಿಲ್ಲ.

ಎರಡನೇ ದಿನ ಮಂಟಪ. ಇದನ್ನು ಬೇಗ ಹೇಳಿ ಮುಗಿಸುತ್ತೇನೆ. ಅಲ್ಲಿ ಜನರೇಟರ್ ಇತ್ತು, ಕರೆಂಟಿನ ಚಿಂತೆ ಇರಲಿಲ್ಲ. ಮದುಮಗಳ ಕೋಣೆಯಲ್ಲಿ ಒಂದೇ ಲೈಟು ಇಟ್ಟು ಇಪ್ಪತ್ತು ನಿಮಿಷದಲ್ಲಿ ಹನ್ನೆರಡು ಫೋಟೋ ತೆಗೆದೆ. ಅರಿಶಿನದ ಮೈಬಣ್ಣ ನಿಜವಾದ ಬಣ್ಣದಲ್ಲಿ ಬಂತು. ಜರಿಯ ಅಂಚು ಮಿನುಗಿತು, ಉರಿಯಲಿಲ್ಲ. ಆದರೆ ವೇದಿಕೆ ಮೇಲೆ ಇದನ್ನು ಒಯ್ಯಬೇಡಿ. ತೂಕ ಜಾಸ್ತಿ, ಸ್ಟ್ಯಾಂಡ್ ಹಳೆಯದು, ಒಂದು ಸ್ಟ್ಯಾಂಡಿನ ತಿರುಪು ಪೂರ್ತಿ ಬಿಗಿಯಾಗುವುದಿಲ್ಲ. ಅಕ್ಷತೆಯ ಹೊತ್ತಿಗೆ ಮಕ್ಕಳು ಓಡಾಡುತ್ತಾರೆ. ಬಿಸಿ ಕಬ್ಬಿಣ ಯಾರಿಗಾದರೂ ತಾಗಿದರೆ ಏನು ಗತಿ? ಅಲ್ಲಿಗೆ ನನ್ನ ಎಲ್‌ಇಡಿಯನ್ನೇ ಬಳಸಿದೆ. ಹಿಂದೆ ಎಲ್‌ಇಡಿ ವಾಲ್ ಇರುವ ವೇದಿಕೆಯಲ್ಲಿ ಈ ಹಳದಿ ಬೆಳಕು ಅದಕ್ಕೆ ಹೊಂದುವುದೂ ಇಲ್ಲ.

ತಿರುಪಿನ ವಿಷಯ ಚಾಚಾಗೆ ಹೇಳಿದೆ. ಲೈಟು ವಾಪಸ್ ಕೊಟ್ಟ ದಿನವೇ ನನ್ನೆದುರಿಗೆ ಬಿಚ್ಚಿ ಪಕ್ಕಕ್ಕಿಟ್ಟರು. ಡಿಪಾಸಿಟ್ ಅಲ್ಲಿಯೇ ಎಣಿಸಿ ಕೊಟ್ಟರು. ಒಂದು ಗಂಟೆ ತಡವಾಗಿ ಹೋಗಿದ್ದೆ. ಅದಕ್ಕೆ ಏನೂ ಹಿಡಿಯಲಿಲ್ಲ. ಕೊರತೆ ಅಂದರೆ, ಫೋನ್ ಎತ್ತುವುದು ಅಪರೂಪ. ಹೋಗಿಯೇ ಬುಕ್ ಮಾಡಬೇಕು. ಶುಕ್ರವಾರ ಮಧ್ಯಾಹ್ನ ನಮಾಜಿಗೆ ಅಂಗಡಿ ಮುಚ್ಚಿರುತ್ತದೆ, ಮೂರರ ಮೇಲೆ ಹೋಗಿ. ನಾಲ್ಕು ಲೈಟಿನಲ್ಲಿ ಒಂದರ ಲೆನ್ಸ್ ಮೂಲೆಗೆ ಸೀಳಿದೆ, ಅದನ್ನು ತಗೊಳ್ಳಬೇಡಿ. ಅವರೇ ತೋರಿಸಿ ಹೇಳುತ್ತಾರೆ.

ಫೋಟೋ ತೋರಿಸಿದಾಗ ಚಾಚಾ ಕನ್ನಡಕ ಹಾಕಿಕೊಂಡು ಫೋನ್ ತುಂಬ ಹೊತ್ತು ಹಿಡಿದು ನೋಡಿದರು. ಅಪ್ಪ ಟಾಕೀಸಿನಲ್ಲಿ ಇದ್ದವರು ಅಂದೆ. "ಪಾಕೀಜಾ ನಾನೂ ಅಲ್ಲೇ ನೋಡಿನಿ" ಅಂದರು. ಅವರಿಗೆ ಆಗ ಹನ್ನೊಂದು ವರ್ಷ ಇರಬೇಕು. ಆ ಪಿಕ್ಚರ್ ಕತೆ ನಿಮಗೆ ಗೊತ್ತಿರಬಹುದು. 1956ರ ಹೊತ್ತಿಗೆ ಕಪ್ಪು ಬಿಳುಪಿನಲ್ಲಿ ಶುರುವಾಯಿತು. ಆಮೇಲೆ ಕಲರ್ ಬಂತು, ಸ್ಕೋಪ್ ಬಂತು, ಮತ್ತೆ ತೆಗೆದರು. 1964ರಲ್ಲಿ ಡೈರೆಕ್ಟರ್ ಕಮಾಲ್ ಅಮ್ರೋಹಿ, ಅವರ ಹೆಂಡತಿ ಮೀನಾಕುಮಾರಿ ಬೇರೆಯಾದರು, ಕೆಲಸ ನಿಂತಿತು. 1967ರ ಜೂನ್‌ನಲ್ಲಿ ವಿರ್ಶಿಂಗ್ ಮುಂಬೈನಲ್ಲಿ ತೀರಿಕೊಂಡರು. 64 ವರ್ಷ. ಎರಡು ವರ್ಷ ಕಳೆದು ಮತ್ತೆ ಶೂಟಿಂಗ್ ಶುರುವಾದಾಗ ಬೇರೆ ಕ್ಯಾಮೆರಾಮನ್‌ಗಳು ಬಂದು ಉಳಿದದ್ದನ್ನು ಮುಗಿಸಿದರು. 1972ರ ಫೆಬ್ರವರಿಯಲ್ಲಿ ಬಿಡುಗಡೆ. ಮಾರ್ಚ್ ಕೊನೆಗೆ ಮೀನಾಕುಮಾರಿಯೂ ಹೋದರು.

ಒಬ್ಬರು ಹಚ್ಚಿಟ್ಟ ಬೆಳಕಿಗೆ ಇನ್ನೊಬ್ಬರು ಬೆಳಕು ಹೊಂದಿಸುವುದು ಎಷ್ಟು ಕಷ್ಟ ಅಂತ ನನಗೆ ಗೊತ್ತು. ಮೊದಲ ದಿನದ ಶೂಟ್ ಒಬ್ಬರದು, ಎರಡನೇ ದಿನದ್ದು ಇನ್ನೊಬ್ಬರದು ಆದರೆ ಮದುವೆ ಆಲ್ಬಮ್‌ನಲ್ಲೇ ಎದ್ದು ಕಾಣುತ್ತದೆ. 'ಪಾಕೀಜಾ'ದಲ್ಲಿ ಕಾರಂಜಿಯ ನೀರಿನ ಮೇಲೆ, ತೂಗುದೀಪದ ಗಾಜಿನ ಮೇಲೆ, ರೈಲಿನಲ್ಲಿ ಮಲಗಿದವಳ ಪಾದದ ಮೇಲೆ ಬೆಳಕು ನಿಂತಿರುವ ರೀತಿ ನೋಡಿ. ಎಲ್ಲೂ ಹೊಲಿಗೆ ಕಾಣುವುದಿಲ್ಲ. ಬಂದವರೆಲ್ಲ ಸತ್ತವನ ಕೆಲಸಕ್ಕೆ ಮರ್ಯಾದೆ ಕೊಟ್ಟಿದ್ದಾರೆ.

ಇನ್ನೊಂದು ಮಾತು. ವಿರ್ಶಿಂಗ್ ಸಿನಿಮಾ ಕ್ಯಾಮೆರಾ ಪಕ್ಕದಲ್ಲೇ ಒಂದು ಲೈಕಾ ಇಟ್ಟುಕೊಂಡು ಸೆಟ್ಟಿನಲ್ಲಿ ಸ್ಟಿಲ್ ಫೋಟೋ ತೆಗೆಯುತ್ತಿದ್ದರು. ಕೆಲಸದವರು, ಲೈಟು ಎತ್ತುವವರು, ಮೇಕಪ್ ಹಾಕಿಸಿಕೊಳ್ಳುತ್ತಾ ಕೂತವರು. ಅವರ ಮನೆಯವರು ಅದನ್ನೆಲ್ಲ ಕಾಪಾಡಿದ್ದಾರೆ. 2017ರಲ್ಲಿ ಗೋವಾದಲ್ಲಿ ಅದರ ಪ್ರದರ್ಶನವೂ ಆಯಿತು. ಅದಕ್ಕೇ ನಾನು ಎರಡನೇ ದಿನ ಮಂಟಪದಲ್ಲಿ ಲೈಟು ಹಿಡಿದ ಹುಡುಗನದೂ ಒಂದು ಫೋಟೋ ತೆಗೆದೆ. ಅವನ ತಾಯಿಗೆ ಪ್ರಿಂಟ್ ಹಾಕಿಸಿ ಕೊಟ್ಟೆ.

ಒಟ್ಟು ಖರ್ಚು ಎರಡು ಲೈಟಿಗೆ ಎರಡು ದಿನಕ್ಕೆ 2,000, ಆಟೋ 240, ಬಟರ್ ಪೇಪರ್ 60. ಬಲ್ಬ್ ಹೋಗಲಿಲ್ಲ. ಮುಖದ ಫೋಟೋ ಮಾಡುವವರು, ಕಪ್ಪು ಬಿಳುಪಿನ ಕೆಲಸ ಇಷ್ಟ ಇರುವವರು, ಈಗಷ್ಟೇ ಕಲಿಯುತ್ತಿರುವ ಹುಡುಗ ಹುಡುಗಿಯರು ಒಂದು ಸಲ ತಂದು ನೋಡಿ. ಬರೀ ಸ್ಟೇಜ್ ವಿಡಿಯೋ ಮಾಡುವವರಿಗೆ ಇದು ಬೇಡ.

ಅಪ್ಪನ ಫೋಟೋಕ್ಕೆ ಹದಿನೈದು ಇಂಚಿನ ಕಟ್ಟು ಹಾಕಿಸಿದ್ದೇನೆ. ಅವ್ವನದೂ ಅಷ್ಟೇ. ಎರಡೂ ಪಡಸಾಲೆಯಲ್ಲಿ, ಆ ಪಶ್ಚಿಮದ ಬಾಗಿಲಿನ ಎದುರಿಗಿವೆ. ಮುಂದಿನ ತಿಂಗಳು 14ಕ್ಕೆ ಚಿಗವ್ವ ದೇವದುರ್ಗದಿಂದ ಬರುತ್ತಾಳೆ, ಅವಳ ಫೋಟೋನೂ ಆಗಬೇಕು. ನಿನ್ನೆ ಹೋಗಿ ಚಾಚಾಗೆ ನೂರು ರೂಪಾಯಿ ಅಡ್ವಾನ್ಸ್ ಕೊಟ್ಟು ಬಂದೆ. ಎರಡು ಬೇಕಾ ಅಂತ ಕೇಳಿದರು. ಒಂದೇ ಸಾಕು ಅಂದೆ.